ಕಂದೀಲಿನ ಗಾಜು ಒರೆಸಿದವರು ಯಾರು?

ಬಿಬವೇವಾಡಿಯ ನಮ್ಮ ಎರಡು ಕೋಣೆಯ ಮನೆಯಲ್ಲಿ ಹಳೇ ಕಂದೀಲೊಂದಿದೆ. ವಿಜಯಪುರದಿಂದ ಬರುವಾಗ ಅಮ್ಮಿ ಸೀರೆಯಲ್ಲಿ ಸುತ್ತಿ ತಂದದ್ದು. ರದ್ದಿಯವನಿಗೆ ಹಾಕಿಬಿಡೋಣ ಅಂತ ನಾನು ಎಷ್ಟೋ ಸಲ ಅಂದದ್ದುಂಟು. ಎಂ.ಎಫ್. ಹುಸೇನರ ‘ಥ್ರೂ ದಿ ಐಸ್ ಆಫ್ ಎ ಪೇಂಟರ್’ ನೋಡಿದ ಮೇಲೆ ಆ ಮಾತು ಎತ್ತಿಲ್ಲ.

ಫಿಲ್ಮ್ಸ್ ಡಿವಿಷನ್‌ಗಾಗಿ ಹುಸೇನ್ 1967ರಲ್ಲಿ ಮಾಡಿದ ಕಪ್ಪು-ಬಿಳುಪು ಕಿರುಚಿತ್ರವಿದು. ಇಪ್ಪತ್ತು ನಿಮಿಷವೂ ಇಲ್ಲ. ಅದೇ ವರ್ಷ ಬರ್ಲಿನ್ ಚಿತ್ರೋತ್ಸವದಲ್ಲಿ ಕಿರುಚಿತ್ರಗಳ ಗೋಲ್ಡನ್ ಬೇರ್ ಪಡೆಯಿತು. ರಾಜಸ್ಥಾನದ ಊರುಗಳು, ಕೋಟೆಗಳು, ಮರಳು. ಕಥೆ ಇಲ್ಲ, ಸಂಭಾಷಣೆ ಇಲ್ಲ. ನಡುವೆ ಒಂದು ಛತ್ರಿ, ಒಂದು ಕಂದೀಲು, ಒಂದು ಜೋಡು ಮತ್ತೆ ಮತ್ತೆ ಬರುತ್ತವೆ. ಕೆಲಸದಿಂದ ಬಿಡಿಸಿಟ್ಟ ವಸ್ತು ಬರೀ ಆಕಾರವಾಗಿ ನಿಲ್ಲುತ್ತದೆ. ಆಗ ನಾವು ಅದನ್ನು ಮೊದಲ ಸಲ ನೋಡುತ್ತೇವೆ. ಪಂಢರಪುರದಲ್ಲಿ ಹುಟ್ಟಿ, ಸಿನಿಮಾ ಪೋಸ್ಟರ್ ಬರೆದು ಹೊಟ್ಟೆ ಹೊರೆದ ಈ ಮನುಷ್ಯನಿಗೆ ಬೀದಿಯ ಸಾಮಾನಿನ ಬೆಲೆ ಗೊತ್ತಿತ್ತು.

ಆದರೆ ಮೊಬೈಲಿನಲ್ಲಿ ಅದನ್ನು ಜೊತೆಗೆ ಕೂತು ನೋಡಿದ ಅಮ್ಮಿ ಕೇಳಿದ್ದು ಬೇರೆಯೇ: “ಇದರ ಗಾಜು ಒರೆಸೋರು ಯಾರು?”

ಈ ಪ್ರಶ್ನೆಗೆ ಚಿತ್ರದಲ್ಲಿ ಉತ್ತರವಿಲ್ಲ. ಅದು ಅದರ ಕೊರತೆ ಅಂತಲೇ ನನಗೆ ಅನ್ನಿಸುತ್ತದೆ. ಹುಸೇನ್ ಕೂಸಾಗಿದ್ದಾಗಲೇ ತಾಯಿ ತೀರಿಕೊಂಡಿದ್ದರು. ದೀಪದ ಮಸಿ ಒರೆಸುವ ತಾಯಿಯ ಕೈ ಅವರ ನೆನಪಿನಲ್ಲಿ ಇರಲಿಲ್ಲವೇನೋ. (ಇದು ನನ್ನ ಊಹೆ, ವಿಮರ್ಶೆಯಲ್ಲ.)

ಉತ್ತರ ಸಿಕ್ಕಿದ್ದು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಕಲಿತ ಮಣಿ ಕೌಲರ ‘ಉಸ್ಕಿ ರೋಟಿ’ಯಲ್ಲಿ. ಬಾಲೋ ಎಂಬ ಹೆಂಗಸು ಬಸ್ ಡ್ರೈವರ್ ಗಂಡನಿಗಾಗಿ ರೊಟ್ಟಿ ಕಟ್ಟಿಕೊಂಡು ರಸ್ತೆ ಬದಿಯಲ್ಲಿ ಕಾಯುತ್ತಾಳೆ. ಅಷ್ಟೇ. ‘ಏನೂ ಆಗೋದೇ ಇಲ್ಲ’ ಅಂತ ಎಷ್ಟೋ ಜನ ಬೈದ ಚಿತ್ರ. ನಿಜ, ನನಗೂ ಮೊದಲ ಸಲ ನಿದ್ದೆ ಬಂತು. ಆದರೆ ಆ ಬಟ್ಟೆಯ ಗಂಟಿನಲ್ಲಿ ಒಲೆ, ಹಿಟ್ಟು, ನಡೆದ ದಾರಿ, ಗಂಡನ ಸಿಟ್ಟಿನ ಭಯ ಎಲ್ಲ ಇವೆ. ಹುಸೇನರ ಕಂದೀಲು ಕಣ್ಣಿಗೆ ಚೆಂದ. ಈ ಗಂಟು ಎದೆಗೆ ಭಾರ.

ಮೊನ್ನೆ ನಮ್ಮ ಕಂದೀಲನ್ನೇ ಚಿತ್ರೀಕರಿಸಲು ಕೂತೆ. ಅಮ್ಮಿ ತಡೆದರು. ಮಸಿ ತೆಗೆಯದೆ ತೋರಿಸಬಾರದಂತೆ. ಊರಲ್ಲಾದರೆ ಒಲೆಯ ಬೂದಿ ಹಚ್ಚಿ ಉಜ್ಜುತ್ತಿದ್ದರು. ಗ್ಯಾಸಿನ ಮನೆಯಲ್ಲಿ ಬೂದಿ ಎಲ್ಲಿಂದ ತರೋದು?