ಯಶೋದೆಯ ಮಡಿಲು, ದೇವಕಿಯ ನೆನಪು

ಕಂಸನ ಭಯದಿಂದ ಗೋಕುಲದಲ್ಲಿ ಮರೆಯಾಗಿ ಬೆಳೆದ ಶಿಶುವಿನ ಕಥೆಯನ್ನರಿಯದ ಕನ್ನಡ ಮನೆಯಿಲ್ಲ. ಆದರೆ ಹಾಡು ಹಸೆಗಳು ಬಹುಮಟ್ಟಿಗೆ ಯಶೋದೆಯ ಸೌಭಾಗ್ಯವನ್ನೇ ಕೊಂಡಾಡುವುವು. ಸೆರೆಯಲ್ಲಿ ಬರಿಮಡಿಲಾಗಿ ಕುಳಿತ ದೇವಕಿಯ ಕಡೆಗೆ ಅವುಗಳ ದೃಷ್ಟಿ ಹರಿಯುವುದು ವಿರಳ. 2007ರಲ್ಲಿ ಪ್ರಕಟವಾದ ನೇಮಿಚಂದ್ರರವರ ‘ಯಾದ್ ವಶೇಮ್’ ಕಾದಂಬರಿಯ ಹಿರಿಮೆಯು ಆ ದೃಷ್ಟಿಯನ್ನು ಇತ್ತ ತಿರುಗಿಸಿದುದರಲ್ಲಿದೆ.

ಹಿಟ್ಲರನ ಹಿಂಸೆಯಿಂದ ತಂದೆಯೊಡನೆ ಪಾರಾಗಿ ಬಂದ ಹ್ಯಾನಾ ಎಂಬ ಯಹೂದಿ ಬಾಲಿಕೆಯು ಬೆಂಗಳೂರಿನ ನೆರೆಮನೆಯವರ ಆಶ್ರಯದಲ್ಲಿ ಕನ್ನಡದ ಮಗಳಾಗಿ ಬೆಳೆಯುತ್ತಾಳೆ. ಹಿರಿವಯಸ್ಸಿನಲ್ಲಿ, ಅಗಲಿದವರನ್ನರಸುತ್ತ ದೇಶದೇಶಗಳನ್ನು ಸುತ್ತುತ್ತಾಳೆ. ಸಾಕಿದವರ ಮಮತೆಗೆ ಕೊರತೆಯಿಲ್ಲದಿರುವಾಗ ಈ ಅರಸಾಟವೇಕೆ? ಉತ್ತರವು ಗ್ರಂಥದ ಹೆಸರಿನಲ್ಲಿಯೇ ಇದೆ. 1953ರಲ್ಲಿ ಸ್ಥಾಪಿತವಾದ ಯೆರೂಸಲೇಮಿನ ಸ್ಮಾರಕಸಂಸ್ಥೆಯ ಹೆಸರದು. ಆ ಹೀಬ್ರೂ ನುಡಿಗೆ ‘ಸ್ಮಾರಕವೂ ಹೆಸರೂ’ ಎಂದರ್ಥ.

ಇದು ಬರಿಯ ಕವಿಕಲ್ಪನೆಯಲ್ಲ. ಹತರಾದ ಸುಮಾರು 60 ಲಕ್ಷ ಯಹೂದಿಗಳಲ್ಲಿ ಮಕ್ಕಳೇ ಸುಮಾರು 15 ಲಕ್ಷ. ಅಟ್ಟಗಳಲ್ಲಿ, ಕ್ರೈಸ್ತ ಮಠಗಳಲ್ಲಿ, ರೈತರ ಮನೆಗಳಲ್ಲಿ ಅಡಗಿ ಉಳಿದವರಲ್ಲಿ ಅನೇಕರು ಪರರ ಹೆಸರನ್ನು ತೊಡಬೇಕಾಯಿತು, ಪರರ ಪ್ರಾರ್ಥನೆಯನ್ನು ಕಲಿಯಬೇಕಾಯಿತು. ಬಾಯ್ತಪ್ಪಿದರೆ ಮರಣ. ಯುದ್ಧವು ಮುಗಿದರೂ ಮೌನದ ಅಭ್ಯಾಸವು ಬಿಡಲಿಲ್ಲ. ‘ಆಗ ನೀನು ಚಿಕ್ಕವನು, ಮರೆತುಬಿಡು’ ಎಂಬುದೇ ಹಿರಿಯರ ಸಾಂತ್ವನ. ಇಂಥವರು ಮೊದಲ ಬಾರಿಗೆ ನ್ಯೂಯಾರ್ಕಿನಲ್ಲಿ ಅಂತರರಾಷ್ಟ್ರೀಯ ಸಮ್ಮೇಳನವಾಗಿ ನೆರೆದುದು 1991ರ ಮೇ ತಿಂಗಳಲ್ಲಿ. ಬಂದವರು ಸುಮಾರು 1,600 ಮಂದಿ. 46 ವರ್ಷಗಳ ಮೌನವದು!

ಗೋಕಾಕ, ಮೂಡಲಗಿ, ಹುಕ್ಕೇರಿಗಳ ಸೀಮೆಗೆ ದೂರವಲ್ಲದ ಕೊಲ್ಹಾಪುರದ ಬಳಿಯ ವಳಿವಡೆಯನ್ನು ಇಲ್ಲಿ ಹೋಲಿಸಿ ನೋಡಬಹುದು. ಸೋವಿಯತ್ ಸರಕಾರವು ಗಡೀಪಾರು ಮಾಡಿದ್ದ ಪೋಲಂಡಿನ ಸುಮಾರು 5,000 ಜನರು, ಹೆಚ್ಚಾಗಿ ಹೆಂಗಸರೂ ಮಕ್ಕಳೂ, 1943ರಿಂದ 1948ರ ವರೆಗೆ ಅಲ್ಲಿ ನೆಲೆಸಿದ್ದರು. ಅವರಲ್ಲಿ ಬಹುಮಂದಿ ಕ್ಯಾಥೊಲಿಕರು. ಅವರಿಗೆ ತಮ್ಮದೇ ಶಾಲೆ, ತಮ್ಮದೇ ಇಗರ್ಜಿ, ತಮ್ಮದೇ ನುಡಿ ಇದ್ದುವು. ಆದುದರಿಂದಲೇ ಮುಂದೆ ಅವರು ಬಾಲ್ಯವನ್ನು ಕೂಡಿ ನೆನೆದು ಗ್ರಂಥರೂಪಕ್ಕೆ ತರಬಲ್ಲವರಾದರು. ಹ್ಯಾನಾಳ ನೆನಪಿಗೆ ಹೂಂಗುಟ್ಟುವವರೇ ಇಲ್ಲ. ಅವಳ ದುಃಖದ ತಿರುಳು ಇದು.

ಕಾದಂಬರಿಯಲ್ಲಿ ಕೊರತೆಯಿಲ್ಲವೆಂದಲ್ಲ. ಇತಿಹಾಸದ ವಿವರಗಳು ಕೆಲವೆಡೆ ಪಾಠದಂತೆ ಬಂದು ಪಾತ್ರದ ಬಾಯಿಯನ್ನು ಮುಚ್ಚಿಸುವುವು. ಬಾಲಿಕೆಯ ಒಂದು ಚಿಕ್ಕ ನೆನಪು ಸಾಕಾಗಿದ್ದ ಸ್ಥಳದಲ್ಲಿ ಪುಟಗಳು ತುಂಬುವುವು. ಆದರೂ ಹೆತ್ತವಳನ್ನು ನೆನೆಯುವುದು ಸಾಕಿದವಳಿಗೆ ಮಾಡುವ ದ್ರೋಹವಲ್ಲವೆಂಬ ಸೂಕ್ಷ್ಮವನ್ನು ಲೇಖಕಿಯು ಎಲ್ಲಿಯೂ ಕೈಬಿಟ್ಟಿಲ್ಲ. ಅನ್ನವಿಕ್ಕಿದ ಮನೆಯು ಮಗುವಿನ ಹಳೆಯ ಹೆಸರನ್ನೂ ಕಾದಿರಿಸಬೇಕು. ಆಗಲೇ ಆಶ್ರಯವು ಪೂರ್ಣವಾಗುವುದು.