ಸ್ಟಾಕ್‌ಹೌಸನ್ನನ ಗಾಯನಧರ್ಮವೂ ಮಂಗಳೂರಿನ ಕನ್ನಡ ಗೀತಗಳೂ

ಅನ್ಯಭಾಷೆಯ ಕಾವ್ಯವು ಕನ್ನಡಕ್ಕೆ ಬಂದ ಬಗೆಯನ್ನು ಕುರಿತು ಪಂಡಿತರು ವಿಸ್ತಾರವಾಗಿ ವಿಚಾರಮಾಡಿದ್ದಾರೆ. ಅನ್ಯದೇಶದ ಗಾನವು ಕನ್ನಡ ನುಡಿಯೊಡನೆ ಕೂಡಿದ ಬಗೆ ಅಷ್ಟಾಗಿ ವಿಮರ್ಶೆಗೆ ಒಳಗಾಗಿಲ್ಲ. ಈ ಕೂಟದ ಗುಣದೋಷಗಳನ್ನು ನೋಡುವುದಕ್ಕೆ ತಕ್ಕ ಸ್ಥಳ ಮಂಗಳೂರು. 1834ರಲ್ಲಿ ಬಾಸೆಲ್ ಮಿಶನ್ನಿನ ಮೊದಲಿಗರು ಅಲ್ಲಿಗೆ ಬಂದರು. ಅವರ ಹಿಂದೆ ಮುದ್ರಣಯಂತ್ರ ಬಂದಂತೆ ಜರ್ಮನ್ ಸ್ತೋತ್ರಗೀತಗಳ ಧಾಟಿಗಳೂ ಬಂದವು. ಆ ಧಾಟಿಗಳಿಗೆ ಕನ್ನಡದ ಮಾತುಗಳನ್ನು ಹೊಂದಿಸಲಾಯಿತು. ಹೊಂದಿಕೆ ಎಷ್ಟರಮಟ್ಟಿಗೆ ಸರಿಯಾಯಿತೆಂದು ನಿರ್ಣಯಿಸಬೇಕಾದರೆ ಜರ್ಮನ್ ಗಾಯನದ ಉತ್ತಮವಾದ ಆದರ್ಶವೇನೆಂಬುದು ಮೊದಲು ತಿಳಿದಿರಬೇಕು. ಅದೇ ಶತಮಾನದ ಯೂಲಿಯುಸ್ ಸ್ಟಾಕ್‌ಹೌಸನ್ ಎಂಬ ಗಾಯಕನ ಜೀವನದಲ್ಲಿ ಆ ಆದರ್ಶವು ಸ್ಫುಟವಾಗಿದೆ. ಆತನಿಗೂ ಮಂಗಳೂರಿಗೂ ನೇರವಾದ ಸಂಬಂಧವಿಲ್ಲ. ಇಲ್ಲಿ ಆತನನ್ನು ತರುವುದು ಒರೆಗಲ್ಲಾಗಿ ಮಾತ್ರ.

ಸ್ಟಾಕ್‌ಹೌಸನ್ ಹುಟ್ಟಿದ್ದು 1826ರಲ್ಲಿ, ಪ್ಯಾರಿಸಿನಲ್ಲಿ. ತಂದೆ ಹಾರ್ಪ್ ಎಂಬ ತಂತೀವಾದ್ಯದಲ್ಲಿ ನಿಪುಣ, ತಾಯಿ ಗಾಯಕಿ. ಕಂಠದ ರಚನೆಯನ್ನು ಶಾಸ್ತ್ರೀಯವಾಗಿ ಪರಿಶೀಲಿಸಿ ಹೆಸರಾದ ಮಾನುವೆಲ್ ಗಾರ್ಸಿಯಾ ಆತನ ಗುರು. ಆತನದು ಬ್ಯಾರಿಟೋನ್ ಕಂಠ. ಪುರುಷಕಂಠಗಳಲ್ಲಿ ತಾರಕ್ಕೂ ಮಂದ್ರಕ್ಕೂ ನಡುವಣದು, ಆಡುಮಾತಿನ ಸಹಜಸ್ಥಾಯಿಗೆ ಸಮೀಪವಾದದ್ದು. 1852ರ ವೇಳೆಗೆ ಮಾನ್‌ಹೈಮ್ ನಗರದ ಗೀತನಾಟಕಶಾಲೆಯಲ್ಲಿಯೂ, 1856ರಿಂದ ಕೆಲವು ವರ್ಷ ಪ್ಯಾರಿಸಿನ ಗೀತನಾಟಕರಂಗದಲ್ಲಿಯೂ ಆತನು ಹಾಡಿದನು. ಆದರೆ ಆತನ ಕೀರ್ತಿ ನಿಂತಿರುವುದು ರಂಗಸ್ಥಳದ ವೇಷಗಳ ಮೇಲಲ್ಲ. 1856ರಲ್ಲಿ ವಿಯೆನ್ನಾ ನಗರದಲ್ಲಿ ಶೂಬರ್ಟನ ಇಪ್ಪತ್ತು ಹಾಡುಗಳ ಮಾಲೆಯನ್ನು, ಗಿರಣಿಯ ಹುಡುಗಿಯನ್ನು ಒಲಿದ ತರುಣನ ಕಥೆಯನ್ನು, ಮೊದಲಿನಿಂದ ಕೊನೆಯವರೆಗೆ ಒಂದೇ ಸಭೆಯಲ್ಲಿ ಹಾಡಿ ತೋರಿಸಿದನು. ಶೂಬರ್ಟ್ ತೀರಿಕೊಂಡು ಆಗಲೇ ಇಪ್ಪತ್ತೆಂಟು ವರ್ಷಗಳಾಗಿದ್ದವು. ಆ ಮಾಲೆಯನ್ನು ಸಾರ್ವಜನಿಕ ಸಭೆಯಲ್ಲಿ ಇಡಿಯಾಗಿ ಹಾಡಿದವರಲ್ಲಿ ಈತನೇ ಮೊದಲಿಗ. 1868ರಲ್ಲಿ ಬ್ರೇಮೆನ್ ನಗರದ ದೇವಾಲಯದಲ್ಲಿ ಬ್ರಾಮ್ಸನ 'ಜರ್ಮನ್ ರೆಕ್ವಿಯೆಮ್' ಹಾಡಿಸಲ್ಪಟ್ಟಾಗ ಬ್ಯಾರಿಟೋನ್ ಭಾಗ ಈತನದು. 1884ರಲ್ಲಿ ಗಾಯನಪದ್ಧತಿಯನ್ನು ಕುರಿತು ಗ್ರಂಥವನ್ನು ಪ್ರಕಟಿಸಿ, ಫ್ರಾಂಕ್‌ಫುರ್ಟಿನಲ್ಲಿ ಶಿಷ್ಯರಿಗೆ ಪಾಠ ಹೇಳಿ, 1906ರಲ್ಲಿ ಅಲ್ಲಿಯೇ ತೀರಿಕೊಂಡನು.

ಈ ಚರಿತ್ರೆಯಲ್ಲಿ ವಿಮರ್ಶಕನಿಗೆ ಮುಖ್ಯವಾದ ಅಂಶ ಒಂದೇ. ಬಿಡಿ ಹಾಡನ್ನು ಆಯ್ದು ಕಂಠಮಾಧುರ್ಯವನ್ನು ಮೆರೆಸುವುದು ಗಾಯಕನಿಗೆ ಸುಲಭ. ಇಪ್ಪತ್ತು ಹಾಡುಗಳನ್ನು ಕ್ರಮವಾಗಿ ಹಾಡುವವನು ಕಥೆಯನ್ನು ಕೇಳಿಸಲೇಬೇಕು. ಕಥೆ ಕೇಳಿಸಬೇಕಾದರೆ ಮಾತು ತಿಳಿಯಲೇಬೇಕು. ಆದುದರಿಂದ ನುಡಿಯ ಅಳತೆಯೇ ಕಂಠಕ್ಕೆ ನಿಯಾಮಕವೆಂಬ ಧರ್ಮವು ಈ ಗಾಯನದ ಜೀವಾಳವಾಯಿತು. ಕನ್ನಡಿಗರಿಗೆ ಇದು ಹೊಸ ಮಾತಲ್ಲ. ಗಮಕಿಯು ಕುಮಾರವ್ಯಾಸನನ್ನು ವಾಚಿಸುವಾಗ ಅರ್ಥಕ್ಕೆ ತಕ್ಕಂತೆ ಪದವನ್ನು ಬಿಡಿಸಿ, ಭಾವಕ್ಕೆ ತಕ್ಕಂತೆ ರಾಗವನ್ನು ಆರಿಸುವುದೂ ಇದೇ ಧರ್ಮವನ್ನು ಅನುಸರಿಸಿ. ದೇಶಗಳು ಬೇರೆ, ಸ್ವರಪದ್ಧತಿಗಳು ಬೇರೆ. ಕಾವ್ಯಕ್ಕೆ ಕಂಠವು ಸಲ್ಲಿಸುವ ವಿಧೇಯತೆ ಒಂದೇ.

ಇನ್ನು ಮಂಗಳೂರಿನ ಸ್ತೋತ್ರಗೀತಗಳ ಕಡೆಗೆ ತಿರುಗಬಹುದು. ಜರ್ಮನ್ ಪದ್ಯದ ಲಯ ನಿಂತಿರುವುದು ಅಕ್ಷರದ ಮೇಲಿನ ಒತ್ತಿನ ಮೇಲೆ. ಕನ್ನಡ ಪದ್ಯದ ಲಯ ನಿಂತಿರುವುದು ಅಕ್ಷರದ ಕಾಲದ ಮೇಲೆ. ಜರ್ಮನ್ ವಾಕ್ಯದಲ್ಲಿ ನಾಮಪದಕ್ಕೆ ಮೊದಲು ಸಾಮಾನ್ಯವಾಗಿ ಒತ್ತಿಲ್ಲದ ಚಿಕ್ಕ ಪದವೊಂದು ಬರುತ್ತದೆ. ಅದಕ್ಕೆ ತಕ್ಕಂತೆ ಅನೇಕ ಧಾಟಿಗಳು ಹಗುರವಾದ ಸ್ವರದಿಂದ ಆರಂಭವಾಗಿ ಎರಡನೆಯ ಸ್ವರದ ಮೇಲೆ ಭಾರವನ್ನು ಇಡುತ್ತವೆ. ಕನ್ನಡದಲ್ಲಿ ಅಂಥ ಚಿಕ್ಕ ಪದವಿಲ್ಲ; ಪ್ರಕೃತಿ ಮೊದಲು, ಪ್ರತ್ಯಯ ಕೊನೆಗೆ. 'ದೇವರಿಗೆ' ಎಂಬ ಪದವನ್ನು ಆ ಧಾಟಿಯ ಆದಿಯಲ್ಲಿಟ್ಟರೆ 'ದೇ' ಹಗುರವಾಗಿ ಜಾರಿ, 'ವ' ಮೇಲೂ 'ಗೆ' ಮೇಲೂ ಭಾರ ಬೀಳುತ್ತದೆ: ಪ್ರಕೃತಿ ಕುಗ್ಗಿ ಪ್ರತ್ಯಯ ಮೆರೆಯುತ್ತದೆ. ಎರಡನೆಯ ದೋಷ ಇದಕ್ಕಿಂತ ದೊಡ್ಡದು. ಸಭೆಯೆಲ್ಲ ಕೂಡಿ ಹಾಡುವ ಧಾಟಿಯಲ್ಲಿ ಪ್ರತಿಯೊಂದು ಅಕ್ಷರಕ್ಕೂ ಬಹುಮಟ್ಟಿಗೆ ಸಮಾನಕಾಲದ ಸ್ವರ. ಲಘುಗುರುಭೇದವು ಅಲ್ಲಿ ಅಳಿಸಿಹೋಗುತ್ತದೆ. 'ಬಿಡು' ಎಂದು ಬರೆದದ್ದು 'ಬೀಡು' ಎಂದು ಕೇಳುತ್ತದೆ. 'ನಡು' ಎಂಬುದು 'ನಾಡು' ಆಗುತ್ತದೆ. 'ಕಡು' ಎಂಬುದು 'ಕಾಡು' ಆಗುತ್ತದೆ. ಗುರುವಿನಿಂದ ಆರಂಭವಾಗುವ ಪದಗಳೂ ಭಾರದಿಂದ ಆರಂಭವಾಗುವ ಧಾಟಿಯೂ ಕೂಡಿದಲ್ಲಿ ಮಾತ್ರ ನುಡಿಗೆ ಹಾನಿ ಕಡಮೆ.

ಇಲ್ಲಿ ಒಂದು ಆಕ್ಷೇಪ ಸಹಜ. ದಾಸರ ಪದಗಳನ್ನು ಹಾಡುವ ಕರ್ಣಾಟಕ ಸಂಗೀತಗಾರರೂ ಹ್ರಸ್ವವನ್ನು ಎಳೆಯುವುದಿಲ್ಲವೆ? ಎಳೆಯುತ್ತಾರೆ, ಅತಿಯಾದಲ್ಲಿ ಅದೂ ದೋಷವೇ. ಆದರೆ ದಾಸರ ರಚನೆಯ ತಳಹದಿ ಮಾತ್ರಾಗಣ. ತಾಳದ ಎಣಿಕೆಯೂ ಮಾತ್ರೆಯ ಎಣಿಕೆಯೂ ಅಲ್ಲಿ ಒಂದೇ ಕುಲಕ್ಕೆ ಸೇರಿದವು. ಹಾಡುವವನ ಸ್ವಾತಂತ್ರ್ಯದಿಂದ ಬಂದ ಎಳೆತವನ್ನು ಹಾಡುವವನೇ ತಿದ್ದಿಕೊಳ್ಳಬಲ್ಲನು. ಧಾಟಿಯ ಕಟ್ಟಿನಿಂದಲೇ ಬಂದ ಎಳೆತವನ್ನು ತಿದ್ದಲು ಯಾವ ಗಾಯಕನಿಗೂ ಸಾಧ್ಯವಿಲ್ಲ.

ಈ ತೊಡಕಿಗೆ ಬೇರೊಂದು ದಾರಿಯನ್ನು ಹಿಡಿದವನು ಫರ್ಡಿನಾಂಡ್ ಕಿಟ್ಟೆಲ್. ಸ್ಟಾಕ್‌ಹೌಸನ್ನನಿಗಿಂತ ಆರು ವರ್ಷ ಕಿರಿಯನಾದ ಈತನು 1832ರಲ್ಲಿ ಜರ್ಮನಿಯ ಉತ್ತರ ಕಡಲತೀರದಲ್ಲಿ ಹುಟ್ಟಿ, 1853ರಲ್ಲಿ ಕನ್ನಡನಾಡಿಗೆ ಬಂದನು. 1862ರಲ್ಲಿ ಮಂಗಳೂರಿನಲ್ಲಿ ಪ್ರಕಟವಾದ ಆತನ 'ಕಥಾಮಾಲೆ'ಯು ಯೇಸುವಿನ ಚರಿತ್ರೆಯನ್ನು ಜರ್ಮನ್ ಧಾಟಿಗೆ ಕಟ್ಟದೆ ಈ ದೇಶದ ಗೇಯಛಂದಸ್ಸಿಗೆ ಕಟ್ಟಿತು. ಈ ಆಯ್ಕೆಯ ಬೆಲೆಯನ್ನು ತಿಳಿಯಬೇಕಾದರೆ ಅಂದಿನ ಕೇಳುಗರನ್ನು ನೆನೆಯಬೇಕು. ಯಕ್ಷಗಾನದ ಭಾಗವತನು ತಾಳದೊಡನೆ ಪದ ಹಾಡುವುದನ್ನು ರಾತ್ರಿಯೆಲ್ಲ ಕೇಳಿದ ಕಿವಿಗಳು ಅವು. ಹರ್ಮನ್ ಮೋಗ್ಲಿಂಗ್ ಅದಾಗಲೇ ಜೈಮಿನಿಭಾರತವನ್ನೂ ದಾಸರ ಪದಗಳನ್ನೂ ಅದೇ ಊರಿನಲ್ಲಿ ಅಚ್ಚುಹಾಕಿಸಿದ್ದನು. ಹೊಸ ಕಥೆಯನ್ನು ಹಳೆಯ ನಡೆಯಲ್ಲಿ ಹೇಳಿದರೆ ಅರ್ಥವು ಕಿವಿಯಲ್ಲಿ ಎಡವುವುದಿಲ್ಲ.

ಪರಭಾಷೆಯವನು ಕಟ್ಟಿದ ಪದ್ಯಕ್ಕೆ ಲಕ್ಷ್ಮೀಶನ ಸರಾಗವನ್ನು ನಿರೀಕ್ಷಿಸುವುದು ನ್ಯಾಯವಲ್ಲ. ಕಿಟ್ಟೆಲ್ಲನ ಹಿರಿಮೆ ಕವಿತ್ವಕ್ಕಿಂತ ಹೆಚ್ಚಾಗಿ ಆ ಕವಿತ್ವವು ಆತನನ್ನು ಕರೆದೊಯ್ದ ಕಡೆಯಲ್ಲಿದೆ. 1872ರಲ್ಲಿ ಕೇಶಿರಾಜನ ಶಬ್ದಮಣಿದರ್ಪಣವನ್ನೂ 1875ರಲ್ಲಿ ನಾಗವರ್ಮನ ಛಂದೋಂಬುಧಿಯನ್ನೂ ಆತನು ಸಂಪಾದಿಸಿದನು. 1894ರಲ್ಲಿ ಮಹಾನಿಘಂಟು ಹೊರಬಂದಿತು. ಹತ್ತನೆಯ ಶತಮಾನದ ನಾಗವರ್ಮನು ಸಂಸ್ಕೃತದ ವೃತ್ತಗಳೊಡನೆ ತ್ರಿಪದಿ, ಷಟ್ಪದಿ, ಅಕ್ಕರ ಮೊದಲಾದ ಕರ್ಣಾಟಕ ವಿಷಯಜಾತಿಗಳನ್ನು ಬೇರೆಯಾಗಿಟ್ಟು ಲಕ್ಷಣ ಹೇಳಿದವನು. ಕನ್ನಡದಲ್ಲಿ ತಾನೇ ಪದ್ಯ ಕಟ್ಟಿ ಅದರ ತೊಡಕನ್ನು ಕಂಡವನಿಗೆ ಈ ಗ್ರಂಥದ ಬೆಲೆ ಎಷ್ಟೆಂಬುದು ತಿಳಿದಿರಲೇಬೇಕು. ಮಾತ್ರೆಯನ್ನು ಎಣಿಸಿದ ಕೈಯೇ ಶಾಸ್ತ್ರವನ್ನು ಅರಸಿತೆಂದು ಭಾವಿಸುವುದು ಅಸಂಗತವಲ್ಲ.

ಹೀಗೆ ನೋಡಿದರೆ ಮಂಗಳೂರಿನಲ್ಲಿ ಎರಡು ಬಗೆಯ ಅನುಕರಣ ನಡೆಯಿತೆಂದು ಹೇಳಬಹುದು. ಸ್ತೋತ್ರಗೀತವು ಜರ್ಮನ್ ಧಾಟಿಯನ್ನು ತಂದಿತು, ಆ ಗಾನದ ಧರ್ಮವನ್ನು ಹಿಂದೆ ಬಿಟ್ಟಿತು. 'ಕಥಾಮಾಲೆ'ಯು ಧಾಟಿಯನ್ನು ಬಿಟ್ಟಿತು, ಧರ್ಮವನ್ನು ಉಳಿಸಿಕೊಂಡಿತು. ನುಡಿಗೆ ಕಂಠವು ಅಧೀನವೆಂಬ ಸ್ಟಾಕ್‌ಹೌಸನ್ನನ ನಿಯಮಕ್ಕೆ ಹೆಚ್ಚು ಹತ್ತಿರವಾದದ್ದು ಜರ್ಮನ್ ಸ್ವರವೊಂದೂ ಇಲ್ಲದ ಎರಡನೆಯ ರಚನೆಯೇ. ಆದರೂ ಮೊದಲನೆಯದು ಪೂರ್ಣವಾಗಿ ವ್ಯರ್ಥವಾಯಿತೆನ್ನಲಾಗದು: ಸಭೆಯವರೆಲ್ಲ ಒಂದೇ ದನಿಯಾಗಿ ಕನ್ನಡವನ್ನು ಹಾಡುವ ಅಭ್ಯಾಸವನ್ನು ಅದು ಬೆಳೆಸಿತು. ಅದೇ ಜಿಲ್ಲೆಯ ಪಂಜೆ ಮಂಗೇಶರಾಯರು (1874–1937) ಮಕ್ಕಳಿಗಾಗಿ ಪದ್ಯ ರಚಿಸಿದಾಗ ಕೂಡಿ ಹಾಡುವ ಉತ್ಸಾಹವೂ ಮಾತ್ರೆಯ ನೇರ್ಪೂ ಒಂದೆಡೆ ಸೇರಿದವು. ಅಲ್ಲಿ 'ಬಿಡು' ಎಂಬುದು 'ಬಿಡು' ಆಗಿಯೇ ಉಳಿಯುತ್ತದೆ.

ಕನ್ನಡ ಪದ್ಯವನ್ನು ತರಗತಿಯಲ್ಲಿ ಹಾಡಿಸುವ ಉಪಾಧ್ಯಾಯರಿಗೆ ಈ ವಿಚಾರ ಕೇವಲ ಚರಿತ್ರೆಯಲ್ಲ. ಧಾಟಿ ಎಲ್ಲಿಂದ ಬಂದರೂ ಬರಲಿ. ಹಾಡಿ ಮುಗಿದ ಮೇಲೆ ಹುಡುಗನಿಗೆ ಲಘು ಲಘುವಾಗಿಯೂ ಗುರು ಗುರುವಾಗಿಯೂ ಕೇಳಿದ್ದರೆ ಆ ಧಾಟಿ ಕನ್ನಡದ್ದಾಯಿತು.