ನಾಲ್ಕು ಮುಂಬಾಗಿಲಿನ ಬಸದಿ

ಅಜೆಕಾರಿನ ಕಡೆಯಿಂದ ಕಾರ್ಕಳಕ್ಕೆ ಹೋದವರು ಗೊಮ್ಮಟನನ್ನು ನೋಡದೆ ಬರುವುದಿಲ್ಲ. 1432ರಲ್ಲಿ ವೀರಪಾಂಡ್ಯ ಭೈರರಸ ನಿಲ್ಲಿಸಿದ 42 ಅಡಿಯ ಏಕಶಿಲೆ ಅದು. ನನಗೆ ಮಾತ್ರ ಅದರೆದುರಿನ ಸಣ್ಣ ದಿಬ್ಬದ ಮೇಲಿರುವ ಚತುರ್ಮುಖ ಬಸದಿಯ ಮೇಲೆ ಹೆಚ್ಚು ಪ್ರೀತಿ. 1586ರಲ್ಲಿ ಇಮ್ಮಡಿ ಭೈರರಸ ಕಟ್ಟಿಸಿದ್ದು. ಎತ್ತರದ ಶಿಖರವಿಲ್ಲ, ಮಾಡಿಗೂ ಕಲ್ಲಿನ ಚಪ್ಪಡಿಗಳೇ. 108 ಕಂಬಗಳು. ಯಾವ ದಿಕ್ಕಿನಿಂದ ಬಂದರೂ ಎದುರಾಗುವುದು ಮುಂಬಾಗಿಲು. ಒಳಗೆ ಆ ದಿಕ್ಕಿಗೆ ಮುಖಮಾಡಿ ಅರ, ಮಲ್ಲಿ, ಮುನಿಸುವ್ರತ ತೀರ್ಥಂಕರರು ನಿಂತಿರುತ್ತಾರೆ. ಬೆನ್ನು ಎನ್ನುವುದೇ ಇಲ್ಲದ ಕಟ್ಟಡ! ಕರಿಕಲ್ಲಿನಲ್ಲಿ ಒಂದು ಚಕ್ಕೆ ಹೆಚ್ಚು ಎದ್ದರೆ ಮತ್ತೆ ಕೂಡಿಸಲಾಗದು. ಅಂಥ ಕಲ್ಲನ್ನು ನಾಲ್ಕೂ ಕಡೆ ಸರಿತೂಗಿಸಿದ ಕೈಗಳಿಗೆ ನಾನು ಮನಸಾರೆ ಕೈಮುಗಿಯುತ್ತೇನೆ.

ಈ ಬಸದಿ ಎದ್ದ ಶತಮಾನದಲ್ಲೇ ಜರ್ಮನಿಯ ಸಾಮ್ರಾಜ್ಯನಗರಿ ನ್ಯೂರೆಂಬರ್ಗ್ ಕೂಡ ಕುಶಲಕರ್ಮಿಗಳ ಊರಾಗಿತ್ತು. ಅಲ್ಲಿಯ ಕಲಾವಿದ ಡ್ಯೂರರ್ ತನ್ನ ಅಚ್ಚುಚಿತ್ರಗಳಲ್ಲಿ ಹೆಸರಿನ ಎರಡು ಮೊದಲಕ್ಷರಗಳನ್ನು ಹೆಣೆದು ಕೊರೆಯುತ್ತಿದ್ದ. ಆದರೆ ಕಾರ್ಕಳದ ಶಿಲ್ಪಿಯೊಬ್ಬರ ಹೆಸರು ನಾಡಿಗೆಲ್ಲ ತಿಳಿದದ್ದು ಇಪ್ಪತ್ತನೆಯ ಶತಮಾನದಲ್ಲಿ: ರೆಂಜಾಳ ಗೋಪಾಲಕೃಷ್ಣ ಶೆಣೈ. ಧರ್ಮಸ್ಥಳದ 39 ಅಡಿಯ ಬಾಹುಬಲಿಯನ್ನು ಅವರು ಕಡೆದದ್ದು ಇದೇ ಕಾರ್ಕಳದಲ್ಲಿ. 1973ರಲ್ಲಿ ಅದು ಇಲ್ಲಿಂದ ರಸ್ತೆಯ ಮೇಲೆಯೇ ಧರ್ಮಸ್ಥಳಕ್ಕೆ ಹೊರಟಿತು.